ಸಂಬಳ ಕೇಳಿದವಳು ಹುಡುಗಿ ಒಬ್ಬಳೇನಾ?

ಮಾನ್ಯರೇ,

ಧಾರಾವಾಹಿ, ಸಿನಿಮಾಗಳಲ್ಲಿ ಹುಡುಗಿಯರೆಲ್ಲ ದುಡ್ಡಿನ ಹಿಂದೆ ಬಿದ್ದವರೇ. ಅದನ್ನು ನೋಡಿ ನೋಡಿ ಮದುವೆ ವಯಸ್ಸಿಗೆ ಬಂದ ನಿಮ್ಮ ಮಗ 'ಈ ಬೆಂಗಳೂರಲ್ಲಿ ಪ್ರೀತಿಗೂ ರೇಟ್ ಇದೆ' ಎನ್ನುತ್ತಾನೆ, ಇದರಲ್ಲಿ ನಿಜವೆಷ್ಟು ಎಂದು ರಾಜಾಜಿನಗರದಿಂದ ಕೇಳಿದ್ದೀರಿ.

ದುಡ್ಡು ನೋಡಿ ಪ್ರೀತಿಸುವವರು ಇಲ್ಲವೆಂದು ನಾನು ವಾದಿಸುವುದಿಲ್ಲ. ಇದ್ದಾರೆ, ಗಂಡಸರಲ್ಲೂ ಇದ್ದಾರೆ. ನನ್ನ ತಕರಾರು ತೆರೆಯ ಲೆಕ್ಕಾಚಾರದ ಬಗ್ಗೆ. ಆಟೋ ಓಡಿಸುವ ನಾಯಕನನ್ನು ಬಿಟ್ಟು ಕಾರಿನವನ ಜೊತೆ ಹೋದವಳು ದುರಾಸೆಯವಳು. ಹೂ ಮಾರುವ ನಾಯಕಿ ಬಂಗಲೆಯ ಸೊಸೆಯಾದರೆ ಮಾತ್ರ ಅದು ಅವಳ ಗುಣಕ್ಕೆ ಸಿಕ್ಕ ಬಹುಮಾನ. ಇಬ್ಬರೂ ಹತ್ತಿದ್ದು ಅದೇ ಮಾರ್ಬಲ್ ಮೆಟ್ಟಿಲು. ಒಬ್ಬಳು ಬಾಯಿಬಿಟ್ಟು ಕೇಳಿದಳು, ಇನ್ನೊಬ್ಬಳು ಕೇಳಲಿಲ್ಲ, ಅಷ್ಟೆ. ಇನ್ನು ಸಾಹುಕಾರನ ಮಗಳ ಜಂಬ ಇಳಿಸಿ ತಾಳಿ ಕಟ್ಟುವ ನಾಯಕನಿದ್ದಾನಲ್ಲ, ಇಡೀ ಆಸ್ತಿಗೆ ಅವಳೊಬ್ಬಳೇ ವಾರಸುದಾರಳೆಂಬುದು ಅವನಿಗೆ ಗೊತ್ತೇ ಇರುವುದಿಲ್ಲ, ಪಾಪ!

ತೆರೆಯಿಂದ ಈಚೆ ಬನ್ನಿ. ಮಲ್ಲೇಶ್ವರದ ಯಾವುದಾದರೂ ವಧೂವರರ ಸಮಾವೇಶದಲ್ಲಿ ಅರ್ಧ ಗಂಟೆ ಕೂತು ಕೇಳಿ. ಕೈಗೆ ಬರೋದೆಷ್ಟು, ಫ್ಲ್ಯಾಟ್ ಸ್ವಂತದ್ದಾ, ಲೋನ್ ಇನ್ನೆಷ್ಟು ವರ್ಷ, ತಂಗಿ ಮದುವೆ ಆಗಿದೆಯಾ? ಕೇಳುವುದು ಹುಡುಗಿಯ ಅಪ್ಪ. ಆದ್ದರಿಂದ ಅದು ವಿವೇಕ. ಅದೇ ಮಾತನ್ನು ಮಗಳು ಕಾಫಿ ಕುಡಿಯುತ್ತಾ ಕೇಳಿದರೆ ದುರಾಸೆ. ಆ ಕಡೆ ಹುಡುಗನ ಅಮ್ಮ, 'ನಮಗೇನೂ ಬೇಡ, ನಿಮ್ಮ ಮಗಳಿಗೆ ನೀವು ಏನು ಹಾಕ್ತೀರೋ ಹಾಕಿ' ಎನ್ನುತ್ತಾರೆ. ವರದಕ್ಷಿಣೆ ನಿಷೇಧ ಕಾಯ್ದೆ ಬಂದದ್ದು 1961ರಲ್ಲಿ. ಈ ಮಾತಿಗೆ ಅದು ತಾಗುವುದಿಲ್ಲವೆಂದೇ ಎಲ್ಲರ ನಂಬಿಕೆ.

ಹಿಂದೆ ನಮ್ಮ ಬರಹಗಾರರ ಕಣ್ಣು ಸರಿಯಾದ ಕಡೆಗೇ ಹೋಗಿತ್ತು. 1887ರ 'ಇಗ್ಗಪ್ಪ ಹೆಗ್ಗಡೆಯ ವಿವಾಹ ಪ್ರಹಸನ' ಎಂಬ ನಾಟಕ ಹಾಸ್ಯ ಮಾಡಿದ್ದು ಕನ್ಯಾವಿಕ್ರಯವನ್ನು, ಅಂದರೆ ಹೆಣ್ಣಿಗೆ ಬೆಲೆ ಕಟ್ಟುವ ಹಿರಿಯರನ್ನು. ಈಗಿನ ಧಾರಾವಾಹಿಯಲ್ಲಿ ಹಿರಿಯರು ದೇವರ ಮನೆಯಲ್ಲಿ ಕಣ್ಣೊರೆಸಿಕೊಳ್ಳುತ್ತಿರುತ್ತಾರೆ, ಕ್ಯಾಮೆರಾ ಮೂರು ಸಲ ಝೂಮ್ ಆಗುವುದು ಹುಡುಗಿಯ ಮುಖಕ್ಕೆ.

ಗಂಡನ ಜೇಬು ನೋಡುವ ಅಭ್ಯಾಸ ಹೆಣ್ಣುಮಕ್ಕಳಿಗೆ ಎಲ್ಲಿಂದ ಬಂತು ಎನ್ನುವವರು ಇದನ್ನೂ ಗಮನಿಸಬೇಕು: ಹಿಂದೂ ಅವಿಭಕ್ತ ಕುಟುಂಬದ ಪಿತ್ರಾರ್ಜಿತದಲ್ಲಿ ಮಗಳಿಗೆ ಮಗನಷ್ಟೇ ಹಕ್ಕನ್ನು ಕರ್ನಾಟಕ ಕೊಟ್ಟದ್ದು 1994ರಲ್ಲಿ, ಅದೂ ಅಷ್ಟರೊಳಗೆ ಮದುವೆಯಾದವರನ್ನು ಬಿಟ್ಟು. ದೇಶಕ್ಕೆಲ್ಲ ಬಂದದ್ದು 2005ರಲ್ಲಿ. ತವರಲ್ಲಿ ಪಾಲಿಲ್ಲದವಳು ಇನ್ನೆಲ್ಲಿ ನೋಡಬೇಕಿತ್ತು?

ನಿಮ್ಮ ಮಗನಿಗೆ ಹೇಳಿ, ಹುಡುಗಿ ಸಂಬಳ ಕೇಳಿದರೆ ಮುಖ ಗಂಟಿಕ್ಕುವುದು ಬೇಡ. ತಾನೂ ಅವಳದ್ದನ್ನು ಕೇಳಲಿ. ಬಾಡಿಗೆ ಮನೆಗೆ ಹತ್ತು ತಿಂಗಳ ಅಡ್ವಾನ್ಸ್ ಹೊಂದಿಸಬೇಕಾದವರು ಇಬ್ಬರೂ ತಾನೆ? ಅವನು ಏನೆಂದ ಅಂತ ಬರೆಯಿರಿ, ಪ್ರಕಟಿಸುತ್ತೇವೆ.

– ಸಂ.