98ಕ್ಕೆ ನಿಂತ ಸಟ್ಟುಗದ ಲೆಕ್ಕ

ಸ್ಪಂಜ್‌ಬಾಬ್ ಕಾರ್ಟೂನಿನ ‘ಬ್ಯಾಟಲ್ ಫಾರ್ ಬಿಕಿನಿ ಬಾಟಮ್’ ಆಟದ ಬಗ್ಗೆ ದಾವಣಗೆರೆ, ಚಿತ್ರದುರ್ಗ ಜಿಲ್ಲೆಗಳ ಓದುಗರು ಕಳಿಸಿದ ಪ್ರಶ್ನೆಗಳಿಗೆ ಈ ಸಲದ ಪುಟ ಮೀಸಲು. ಈ ಆಟ ಮೊದಲು ಬಂದದ್ದು 2003ರಲ್ಲಿ. ಈಗ ಮಕ್ಕಳ ಕೈಯಲ್ಲಿರುವುದು 2020ರ ಜೂನ್‌ನಲ್ಲಿ ಹೊಸ ಚಿತ್ರಗಳೊಂದಿಗೆ ಬಂದ ‘ರೀಹೈಡ್ರೇಟೆಡ್’ ಆವೃತ್ತಿ. ಇಲ್ಲಿನ ಉತ್ತರಗಳೆಲ್ಲ ಅದಕ್ಕೇ ಸಂಬಂಧಿಸಿದವು. ಆಟದಲ್ಲಿ ಕೂಡಿಸಬೇಕಾದ ‘ಗೋಲ್ಡನ್ ಸ್ಪ್ಯಾಚುಲಾ’ಗೆ ನಾವು ಸಟ್ಟುಗ ಎಂದೇ ಬರೆದಿದ್ದೇವೆ. ಬೆಣ್ಣೆ ದೋಸೆಯ ಊರಿನವರಿಗೆ ಅದರ ಅರ್ಥ ಬಿಡಿಸಿ ಹೇಳಬೇಕಿಲ್ಲ.

ನನ್ನ ಮಗ ಎಲ್ಲಾ ಜಾಗದ ಸಟ್ಟುಗ ಕೂಡಿಸಿ ಮುಗಿಸಿದ್ದಾನೆ. ಆದರೂ 98 ತೋರಿಸುತ್ತಿದೆ. ನೂರು ಆಗದೆ ಕೊನೆಯ ಕಾಳಗಕ್ಕೆ ಹೋಗಬಾರದು ಅಂತ ಸ್ನೇಹಿತರು ಹೇಳಿದ್ದಾರಂತೆ. ಹದಿನೈದು ದಿನದಿಂದ ಹುಡುಕುತ್ತಿದ್ದಾನೆ. ಆಟದಲ್ಲೇ ದೋಷವಿದೆಯೇ?
– ಒಬ್ಬ ತಾಯಿ, ವಿದ್ಯಾನಗರ, ದಾವಣಗೆರೆ

ದೋಷವಿಲ್ಲ. ಉಳಿದ ಎರಡೂ ಆ ಕೊನೆಯ ಕಾಳಗದ ಒಳಗೇ ಇವೆ, ಹೊರಗೆ ಎಷ್ಟು ಹುಡುಕಿದರೂ ಸಿಗುವುದಿಲ್ಲ. ಲೆಕ್ಕ ಹೀಗಿದೆ. ದೊಡ್ಡ ಹಂತಗಳು ಒಂಬತ್ತು: ಜೆಲ್ಲಿಫಿಶ್ ಫೀಲ್ಡ್ಸ್, ಡೌನ್‌ಟೌನ್, ಗೂ ಲಗೂನ್, ರಾಕ್ ಬಾಟಮ್, ಮರ್ಮಲೇರ್, ಸ್ಯಾಂಡ್ ಮೌಂಟನ್, ಕೆಲ್ಪ್ ಫಾರೆಸ್ಟ್, ಫ್ಲೈಯಿಂಗ್ ಡಚ್‌ಮನ್ಸ್ ಗ್ರೇವ್‌ಯಾರ್ಡ್ ಮತ್ತು ಸ್ಪಂಜ್‌ಬಾಬ್‌ನ ಕನಸು. ಒಂದೊಂದರಲ್ಲಿ 8ರಂತೆ 72 ಆಯಿತು. ಮನೆಗಳಿರುವ ನಡುವಿನ ಊರಿನಲ್ಲಿ 8. ಮಿಸ್ಟರ್ ಕ್ರ್ಯಾಬ್ಸ್ ಕಾಸಿಗೆ ಮಾರುವುದು 8. ಪ್ಯಾಟ್ರಿಕ್ ಕಾಲುಚೀಲಕ್ಕೆ ಬದಲಾಗಿ ಕೊಡುವುದು 8. ಪೊಸೈಡೋಮ್‌ನಲ್ಲಿ ರೋಬೋ ಸ್ಯಾಂಡಿಯನ್ನು ಸೋಲಿಸಿದರೆ 1, ಇಂಡಸ್ಟ್ರಿಯಲ್ ಪಾರ್ಕ್‌ನಲ್ಲಿ ರೋಬೋ ಪ್ಯಾಟ್ರಿಕ್‌ನನ್ನು ಸೋಲಿಸಿದರೆ 1. ಅಲ್ಲಿಗೆ 98. ಚಮ್ ಬಕೆಟ್ ಲ್ಯಾಬಿನ ಕೊನೆಯ ಕಾಳಗಕ್ಕೆ ಎರಡು ಭಾಗ, ಎರಡು ಸಟ್ಟುಗ.

ಲ್ಯಾಬಿನ ಬಾಗಿಲು ತೆರೆಯಲು 75 ಸಾಕು. ಅಂದರೆ ನಿಮ್ಮ ಮಗ ಅರ್ಹತೆಗಿಂತ 23 ಹೆಚ್ಚು ಇಟ್ಟುಕೊಂಡು ಬಾಗಿಲ ಮುಂದೆ ಕೂತಿದ್ದಾನೆ. ಇವತ್ತೇ ಹೋಗಲಿ. ನೂರೂ ಸಿಕ್ಕ ಮೇಲೆ ಪಾತ್ರಗಳೆಲ್ಲ ಸೇರಿ ಕಾರ್ಟೂನಿನ ಶೀರ್ಷಿಕೆ ಗೀತೆ ಹಾಡುವ ದೃಶ್ಯ ಬರುತ್ತದೆ. 75ಕ್ಕೇ ನುಗ್ಗಿ ಮುಗಿಸಿದವರಿಗೆ ಅದು ಕಾಣುವುದಿಲ್ಲ.

ನನ್ನ ಹತ್ತಿರ 62 ಇವೆ. ರೋಬೋ ಪ್ಯಾಟ್ರಿಕ್‌ನನ್ನು ಸೋಲಿಸಿ ಆಯ್ತು. ಕ್ರ್ಯಾಬ್ಸ್ ಹತ್ತಿರ ಎರಡು ಕೊಂಡಿದ್ದೇನೆ, ಪ್ಯಾಟ್ರಿಕ್‌ಗೆ 20 ಕಾಲುಚೀಲ ಕೊಟ್ಟಿದ್ದೇನೆ. 75 ಮುಟ್ಟಲು ಸುಲಭದ ದಾರಿ ಹೇಳಿ ಸರ್.
– ಏಳನೇ ತರಗತಿ ವಿದ್ಯಾರ್ಥಿ, ಹರಿಹರ

ಲೆಕ್ಕ ಹಾಕಿಯೇ ಪ್ರಶ್ನೆ ಕೇಳಿದ್ದೀಯ, ಸಂತೋಷ. ಕ್ರ್ಯಾಬ್ಸ್ ಬಳಿ ಇನ್ನು 6 ಉಳಿದಿವೆ. ಪ್ಯಾಟ್ರಿಕ್ 10 ಕಾಲುಚೀಲಕ್ಕೆ ಒಂದರಂತೆ ಕೊಡುತ್ತಾನೆ, ಒಟ್ಟು ಕಾಲುಚೀಲ 80. ಅಲ್ಲೂ 6 ಉಳಿದಿವೆ. 62ಕ್ಕೆ 12 ಸೇರಿಸಿದರೆ 74. ಒಂದು ಕಡಿಮೆ ಬಿತ್ತು.

ಆ ಒಂದಕ್ಕೆ ಡೌನ್‌ಟೌನ್‌ಗೆ ವಾಪಸ್ ಹೋಗು. ಅಲ್ಲಿನ ಎಂಟರಲ್ಲಿ ಒಂದರ ಹೆಸರೇ ‘ಕಮ್ ಬ್ಯಾಕ್ ವಿತ್ ದ ಕ್ರೂಸ್ ಬಬಲ್’. ಕ್ರೂಸ್ ಬಬಲ್ ವಿದ್ಯೆ ಸಿಗುವುದು ರೋಬೋ ಪ್ಯಾಟ್ರಿಕ್ ಸೋತ ಮೇಲೆ. ಹಾಗಾಗಿ ಮೊದಲ ಸಲ ಡೌನ್‌ಟೌನ್ ಆಡುವಾಗ ಎಷ್ಟು ತಿಣುಕಿದರೂ ಅದು ಸಿಗುವಂತಿರಲಿಲ್ಲ. ಗುಳ್ಳೆಯ ಕ್ಷಿಪಣಿಯನ್ನು ಹಾರಿಸಿದ ಮೇಲೆ ಸ್ಪಂಜ್‌ಬಾಬ್ ನಿಂತಲ್ಲೇ ನಿಂತಿರುತ್ತಾನೆ, ನಿನ್ನ ಕಂಟ್ರೋಲರಿನ ಸ್ಟಿಕ್ ಗುಳ್ಳೆಯನ್ನು ತಿರುಗಿಸುತ್ತಿರುತ್ತದೆ. ಅಷ್ಟರಲ್ಲಿ ಹಿಂದಿನಿಂದ ರೋಬೋ ಬಂದು ಹೊಡೆಯಬಹುದು. ಮೊದಲು ಸುತ್ತಲಿನ ರೋಬೋಗಳನ್ನು ಮುಗಿಸಿ, ಆಮೇಲೆ ಗುರಿ ಇಡು.

ಗುಳ್ಳೆಯ ಚೆಂಡು ಉರುಳಿಸುವ ಬಬಲ್ ಬೌಲ್ ವಿದ್ಯೆಯ ಕತೆಯೂ ಹೀಗೇ. ರೋಬೋ ಸ್ಯಾಂಡಿ ಸೋಲುವವರೆಗೆ ಅದು ನಿನ್ನ ಕೈಗೆ ಬರುವುದಿಲ್ಲ. ಒಂದು ಹಂತದ ಎಂಟೂ ಮುಗಿಸಿಯೇ ಮುಂದೆ ಹೋಗುತ್ತೇನೆ ಎಂದು ಹಟ ಹಿಡಿಯುವವರು ಈ ಆಟದಲ್ಲಿ ಸೋಲುತ್ತಾರೆ. ಐದಾರು ಸಿಕ್ಕರೆ ಮುಂದೆ ನಡೆ, ವಿದ್ಯೆ ಕಲಿತು ಹಿಂದಿರುಗು. ಡೌನ್‌ಟೌನ್‌ಗೆ 5, ಗೂ ಲಗೂನ್‌ಗೆ 10, ಪೊಸೈಡೋಮ್‌ಗೆ 15, ಇಂಡಸ್ಟ್ರಿಯಲ್ ಪಾರ್ಕ್‌ಗೆ 40. ಬಾಗಿಲುಗಳು ಕೇಳುವುದು ಇಷ್ಟೇ.

ಇನ್ನೊಂದು ಮಾತು. ಸ್ಪಂಜ್‌ಬಾಬ್‌ನ ಕನಸಿನ ಹಂತಕ್ಕೆ ಹೋಗಿದ್ದರೆ ಪ್ಯಾಟ್ರಿಕ್‌ನ ಕನಸಿನೊಳಗೆ ಕಾಲಿಟ್ಟು ನೋಡು. ಅಲ್ಲಿ ಏನೂ ಮಾಡಬೇಕಿಲ್ಲ, ಸಟ್ಟುಗ ಕಣ್ಣೆದುರೇ ಇರುತ್ತದೆ. ಪ್ಯಾಟ್ರಿಕ್‌ನ ತಲೆಯಲ್ಲಿ ಬೇರೆ ಏನು ತಾನೇ ಇರಲು ಸಾಧ್ಯ?

ಕ್ರ್ಯಾಬ್ಸ್‌ಗೆ ಕೊಡಲು ಹೊಳೆಯುವ ಕಾಸು ಸಾಲುತ್ತಿಲ್ಲ. ಎಲ್ಲಿ ಕೂಡಿಸುವುದು?
– ಹೊಳಲ್ಕೆರೆ

ಪ್ರತಿ ಸಟ್ಟುಗಕ್ಕೂ ಕ್ರ್ಯಾಬ್ಸ್ ಬೆಲೆ ಏರಿಸುತ್ತಲೇ ಹೋಗುತ್ತಾನೆ, ಲೆಕ್ಕವೆಲ್ಲ ಸಾವಿರಗಳಲ್ಲಿ. ಹಂತ ಬಿಟ್ಟು ಹೊರಗೆ ಬಂದು ಮತ್ತೆ ಒಳಗೆ ಹೋದರೆ, ಒಡೆದಾಗ ಕಾಸು ಉದುರಿಸುವ ಟಿಕಿ ಗೊಂಬೆಗಳು ಮೊದಲಿನಂತೆ ನಿಂತಿರುತ್ತವೆ. ಒಡೆಯುವಾಗ ಒಂದೊಂದಾಗಿ ಬಿಡುವು ಕೊಟ್ಟು ಒಡೆಯಬೇಡಿ. ಗುಂಪಾಗಿರುವವನ್ನು ಒಂದರ ಬೆನ್ನಿಗೆ ಒಂದರಂತೆ ಒಡೆದರೆ ಕಾಂಬೋ ಬಿದ್ದು ಹೆಚ್ಚುವರಿ ಕಾಸು ಬರುತ್ತದೆ. ಕೆಂಪಗೆ ಗುಡುಗುವ ಥಂಡರ್ ಟಿಕಿಯನ್ನು ಮಾತ್ರ ಮುಟ್ಟಬೇಡಿ, ದೂರದಿಂದ ಸಿಡಿಸಿ. ಅದು ಸಿಡಿದಾಗ ಅಕ್ಕಪಕ್ಕದವೂ ಜೊತೆಗೆ ಒಡೆಯುವುದರಿಂದ ನಿಮಗೇ ಲಾಭ.

ದಾರಿಯಲ್ಲಿ ಬಾಯಿ ಮುಚ್ಚಿಕೊಂಡ ಕಪ್ಪೆಚಿಪ್ಪುಗಳೂ ಕಾಸು ಕೇಳುತ್ತವೆ. ಮುಂದಿನ ದಾರಿ ಅವುಗಳ ಹಿಂದೆ ಇರುವುದರಿಂದ ಮೊದಲು ಚಿಪ್ಪಿಗೆ ಕೊಡಿ, ಮಿಕ್ಕಿದ್ದು ಕ್ರ್ಯಾಬ್ಸ್‌ಗೆ.

ರೋಬೋ ಬಂದಷ್ಟೂ ಒಳ್ಳೆಯದು ಎಂದುಕೊಂಡು ಡುಪ್ಲಿಕಾಟೋಟ್ರಾನ್ ಯಂತ್ರದ ಮುಂದೆ ನಿಂತು ಹೊಡೆಯುತ್ತಾ ಇರುವ ಮಕ್ಕಳಿದ್ದಾರೆ. ಆ ಯಂತ್ರ ಇರುವವರೆಗೆ ರೋಬೋ ಹುಟ್ಟುತ್ತಲೇ ಇರುತ್ತವೆ, ನಿಮ್ಮ ಚಡ್ಡಿ ಕಡಿಮೆಯಾಗುತ್ತಲೇ ಇರುತ್ತದೆ. (ಈ ಆಟದಲ್ಲಿ ಜೀವದ ಲೆಕ್ಕ ಚಡ್ಡಿಯಲ್ಲಿ. ಶುರುವಿಗೆ ಮೂರು.) ಮೊದಲು ಯಂತ್ರವನ್ನೇ ಒಡೆಯಿರಿ.

78 ಕಾಲುಚೀಲ ಸಿಕ್ಕಿವೆ, ಎರಡು ಎಲ್ಲಿ ಅಂತ ಗೊತ್ತಿಲ್ಲ.
– ಜೆ.ಸಿ.ಆರ್. ಬಡಾವಣೆ, ಚಿತ್ರದುರ್ಗ

ಆಟ ನಿಲ್ಲಿಸಿ ಮೆನು ತೆರೆಯಿರಿ. ಯಾವ ಹಂತದಲ್ಲಿ ಎಷ್ಟಕ್ಕೆ ಎಷ್ಟು ಸಿಕ್ಕಿದೆ ಎಂಬುದು ಅಲ್ಲೇ ಇದೆ. ಅದನ್ನು ನೋಡದೆ ಎಲ್ಲ ಹಂತಗಳನ್ನೂ ಮತ್ತೆ ಸುತ್ತುವುದು, ಕೋಟೆಯಲ್ಲಿ ಕಳೆದುಹೋದ ಬೀಗದಕೈಯನ್ನು ಏಳೂ ಸುತ್ತಿನಲ್ಲಿ ಹುಡುಕಿದಂತೆ. ಕಡಿಮೆ ಇರುವ ಹಂತ ತಿಳಿದ ಮೇಲೆ, ಅದೇ ಮೆನುವಿನಿಂದ ಆ ಹಂತದ ಸಟ್ಟುಗದ ಜಾಗಕ್ಕೆ ನೇರವಾಗಿ ಜಿಗಿಯಬಹುದು, ನಡೆದು ಹೋಗುವ ಕಷ್ಟವಿಲ್ಲ.

ತಪ್ಪಿಹೋಗುವುದು ಹೆಚ್ಚಾಗಿ ಜಾರುವ ದಾರಿಗಳಲ್ಲಿ. ಮಕ್ಕಳು ಗುರಿಯ ಮೇಲೆ ಕಣ್ಣಿಟ್ಟು ಭರ್ರನೆ ಜಾರಿಬಿಡುತ್ತಾರೆ, ಪಕ್ಕದ ಕವಲಿನಲ್ಲಿ ತೂಗುತ್ತಿದ್ದ ಕಾಲುಚೀಲ ಹಿಂದೆ ಉಳಿಯುತ್ತದೆ. ಆ ದಾರಿಯನ್ನು ಒಮ್ಮೆ ಎಡ ಅಂಚು ಹಿಡಿದು, ಇನ್ನೊಮ್ಮೆ ಬಲ ಅಂಚು ಹಿಡಿದು ಇಳಿಯಿರಿ. ಇನ್ನು, ಬಸ್ ನಿಲ್ದಾಣದಲ್ಲಿ ಪಾತ್ರ ಬದಲಿಸಿಕೊಂಡು ಅದೇ ಜಾಗ ನೋಡಿ. ಸ್ಪಂಜ್‌ಬಾಬ್‌ಗೆ ಎಟುಕದ ಮಾಡು ಸ್ಯಾಂಡಿಗೆ ಹಗ್ಗ ಬೀಸಿ ತೇಲಿದರೆ ಎಟುಕುತ್ತದೆ. ಅಂಟು ಕೊಳದ ಆಚೆ ಇದ್ದರೆ ಅದು ಪ್ಯಾಟ್ರಿಕ್‌ನ ಕೆಲಸ. ಫ್ರೀಜಿ ಫ್ರೂಟ್ ಎತ್ತಿ ಕೊಳಕ್ಕೆ ಎಸೆದರೆ ಮೇಲ್ಭಾಗ ಮಂಜುಗಡ್ಡೆಯಾಗುತ್ತದೆ. ಅದು ಸ್ವಲ್ಪ ಹೊತ್ತು ಮಾತ್ರ, ಆದ್ದರಿಂದ ಎಸೆಯುವ ಮೊದಲೇ ದಾರಿಯಲ್ಲಿನ ರೋಬೋಗಳನ್ನು ಮುಗಿಸಿಕೊಂಡಿರಬೇಕು.

ಸ್ಯಾಂಡ್ ಮೌಂಟನ್‌ನ ಜಾರುವ ಓಟದಲ್ಲಿ ಲ್ಯಾರಿಯ ಸಮಯ ಮುರಿಯಲು ಆಗುತ್ತಿಲ್ಲ. ಅಣ್ಣನ ಲ್ಯಾಪ್‌ಟಾಪ್‌ನಲ್ಲಿ ಆಗುತ್ತದೆ, ಹಾಲ್‌ನ ದೊಡ್ಡ ಟಿವಿಯಲ್ಲಿ ಆಡಿದರೆ ಪ್ರತಿ ಸಲ ತಿರುವಿನಲ್ಲಿ ಬೀಳುತ್ತೇನೆ. ಯಾಕೆ?
– ಚಳ್ಳಕೆರೆ

ಉತ್ತರ ನಿನ್ನ ಪ್ರಶ್ನೆಯಲ್ಲೇ ಇದೆ. ತಪ್ಪು ನಿನ್ನ ಬೆರಳಿನದಲ್ಲ, ಟಿವಿಯದು. ಚಿತ್ರ ಚೆಂದ ಕಾಣಲೆಂದು ಟಿವಿ ಪ್ರತಿ ಫ್ರೇಮನ್ನೂ ತಿದ್ದಿ ತೋರಿಸುತ್ತದೆ, ಅದಕ್ಕೆ ಸಮಯ ಹಿಡಿಯುತ್ತದೆ. ನೀನು ಗುಂಡಿ ಒತ್ತಿದ್ದಕ್ಕೂ ಪರದೆಯಲ್ಲಿ ಕಾಣುವುದಕ್ಕೂ ನಡುವೆ ಅಂತರ ಬೀಳುತ್ತದೆ. ಧಾರಾವಾಹಿ ನೋಡುವವರಿಗೆ ಇದು ಗೊತ್ತೇ ಆಗುವುದಿಲ್ಲ, ಜಾರುಗುಡ್ಡದಲ್ಲಿ ತಿರುವು ತಪ್ಪಿಸಲು ಅಷ್ಟೇ ಸಾಕು. ಟಿವಿ ರಿಮೋಟಿನಲ್ಲಿ ಪಿಕ್ಚರ್ ಮೋಡ್‌ಗೆ ಹೋಗಿ ‘ಗೇಮ್’ ಆರಿಸು. ಕೆಲವು ಟಿವಿಗಳಲ್ಲಿ ಅದು ಸೆಟ್ಟಿಂಗ್ಸ್‌ನೊಳಗೆ ಬೇರೆಯೇ ಸ್ವಿಚ್ ಆಗಿರುತ್ತದೆ. ‘ಮೋಷನ್’ ಎಂಬ ಹೆಸರಿನಲ್ಲಿ ಚಿತ್ರ ನುಣುಪು ಮಾಡುವ ಆಯ್ಕೆ ಇದ್ದರೆ ಅದನ್ನೂ ಆಫ್ ಮಾಡು. ಆಡಿ ಮುಗಿದ ಮೇಲೆ ಮೊದಲಿನ ಮೋಡ್‌ಗೆ ತಿರುಗಿಸಿಡು. ಇಲ್ಲದಿದ್ದರೆ ಸಂಜೆ ಮನೆಯವರು ಬಣ್ಣ ಮಾಸಿದೆ ಎನ್ನುತ್ತಾರೆ.

ಯಾವ ಇಳಿಜಾರಿನಲ್ಲಿ ಯಾರ ಸಮಯ ಮುರಿಯಬೇಕು ಎಂಬುದನ್ನು ನೆನಪಿಡು: ಗಪ್ಪಿ ಮೌಂಡ್‌ನಲ್ಲಿ ಮಿಸೆಸ್ ಪಫ್, ಫ್ಲೌಂಡರ್ ಹಿಲ್‌ನಲ್ಲಿ ಬಬಲ್ ಬಡಿ, ಸ್ಯಾಂಡ್ ಮೌಂಟನ್‌ನಲ್ಲಿ ಲ್ಯಾರಿ. ಇದೇ ಕ್ರಮದಲ್ಲಿ ಕಷ್ಟ ಹೆಚ್ಚುತ್ತದೆ, ಲ್ಯಾರಿಯಿಂದ ಶುರು ಮಾಡಬೇಡ. ತಿರುವಿನಲ್ಲಿ ಒಳ ಅಂಚು ಹಿಡಿ. ಸುಮ್ಮನೆ ಜಿಗಿಯಬೇಡ, ಗಾಳಿಯಲ್ಲಿರುವಾಗ ದಿಕ್ಕು ತಿದ್ದಿಕೊಳ್ಳುವುದು ಕಷ್ಟ. ಮೊದಲ ಎರಡು ಇಳಿತ ಗಡಿಯಾರದ ಕಡೆ ನೋಡದೆ ದಾರಿ ಪರಿಚಯಕ್ಕೆಂದೇ ಇಳಿ. ಓಟದ ನಡುವೆ ಒಮ್ಮೆ ಬಿದ್ದರೆ ಆ ಓಟ ಅಲ್ಲಿಗೇ ಬಿಟ್ಟು ಮೊದಲಿನಿಂದ ಶುರು ಮಾಡು.

ಮೊಮ್ಮಗನ ಆಟದಲ್ಲಿ ಗೊಂಬೆ ತಾನಾಗಿಯೇ ಎಡಕ್ಕೆ ನಡೆಯುತ್ತದೆ. ಮಲಗಿರುವ ರೋಬೋ ಎಚ್ಚರಗೊಂಡು ಹೊಡೆಯುತ್ತದಂತೆ. ಹೊಸ ಕಂಟ್ರೋಲರ್ ಬೇಕೆಂದು ಅಳುತ್ತಿದ್ದಾನೆ. ಕೊಡಿಸಬೇಕೇ?
– ಒಬ್ಬ ಅಜ್ಜ, ಪಿ.ಜೆ. ಬಡಾವಣೆ, ದಾವಣಗೆರೆ

ಈಗಲೇ ಬೇಡ ಯಜಮಾನರೇ. ‘ಸ್ಲೀಪಿ ಟೈಮ್’ ಎಂಬ ಆ ರೋಬೋ ಬಳಿ ಸ್ಟಿಕ್ ಅನ್ನು ಕೂದಲೆಳೆಯಷ್ಟು ಮಾತ್ರ ತಳ್ಳಿ ತುದಿಗಾಲಲ್ಲಿ ನಡೆಯಬೇಕು. ಸ್ಟಿಕ್ ತಾನಾಗಿಯೇ ಒಂದು ಕಡೆಗೆ ವಾಲಿದ್ದರೆ ಆ ನಯ ಸಾಧ್ಯವಿಲ್ಲ, ರೋಬೋ ಏಳುತ್ತದೆ. ಇದನ್ನು ಡ್ರಿಫ್ಟ್ ಎನ್ನುತ್ತಾರೆ.

ಮೊದಲು ಕಂಟ್ರೋಲರ್ ಆಫ್ ಮಾಡಿ ಸ್ಟಿಕ್‌ನ ಬುಡ ನೋಡಿ. ಮಂಡಕ್ಕಿ ಮಿರ್ಚಿ ತಿಂದ ಕೈಯಲ್ಲೇ ಆಡಿದ್ದರೆ ಬುಡದ ಗುಂಡನೆಯ ಭಾಗದ ಸುತ್ತ ಎಣ್ಣೆ ಬೆರೆತ ಹಳದಿ ಪುಡಿ ಕರೆಗಟ್ಟಿರುತ್ತದೆ. ಹತ್ತಿ ಸುತ್ತಿದ ಕಡ್ಡಿಯನ್ನು ಐಸೋಪ್ರೊಪೈಲ್ ಆಲ್ಕೋಹಾಲ್‌ನಲ್ಲಿ ಅದ್ದಿ, ಹಿಂಡಿ, ಸ್ಟಿಕ್ ಅನ್ನು ಒಂದು ಕಡೆ ವಾಲಿಸಿ ಸುತ್ತ ಒರೆಸಿ. 90 ಶೇಕಡಾ ಅಥವಾ ಹೆಚ್ಚಿನ ಶುದ್ಧತೆಯದೇ ಇರಲಿ. ಕೈಗೆ ಹಚ್ಚುವ ಸ್ಯಾನಿಟೈಸರ್ ಬೇಡ, ಅದರ ಜೆಲ್ ಒಳಗೆ ಅಂಟುತ್ತದೆ. ಸ್ಟಿಕ್ ಅನ್ನು ಹತ್ತಿಪ್ಪತ್ತು ಸಲ ಗುಂಡಗೆ ತಿರುಗಿಸಿ, ಅರ್ಧ ಗಂಟೆ ಒಣಗಲು ಬಿಡಿ.

ಆಮೇಲೂ ಸರಿಹೋಗದಿದ್ದರೆ ಸಾಫ್ಟ್‌ವೇರಿನಲ್ಲಿ ಸರಿದೂಗಿಸಬಹುದು. ನಿಂಟೆಂಡೊ ಸ್ವಿಚ್‌ನಲ್ಲಿ ಸಿಸ್ಟಮ್ ಸೆಟ್ಟಿಂಗ್ಸ್, ಅದರೊಳಗೆ ಕಂಟ್ರೋಲರ್ಸ್, ಅಲ್ಲಿ ಸ್ಟಿಕ್ ಕ್ಯಾಲಿಬ್ರೇಟ್ ಮಾಡುವ, ಅಂದರೆ ಅದರ ನಡು ಸ್ಥಾನವನ್ನು ಮತ್ತೆ ಹೊಂದಿಸುವ ಆಯ್ಕೆ ಇದೆ. ಕಂಪ್ಯೂಟರಿನಲ್ಲಿ ಸ್ಟೀಮ್ ಮೂಲಕ ಆಡುತ್ತಿದ್ದರೆ ಕಂಟ್ರೋಲರ್ ಸೆಟ್ಟಿಂಗ್‌ನಲ್ಲಿ ‘ಡೆಡ್ ಝೋನ್’ (ಸ್ಟಿಕ್‌ನ ಸಣ್ಣ ಅಲುಗಾಟವನ್ನು ಲೆಕ್ಕಕ್ಕೆ ಹಿಡಿಯದ ಮಿತಿ) ಸ್ವಲ್ಪ ಸ್ವಲ್ಪವೇ ಹೆಚ್ಚಿಸಿ, ಗೊಂಬೆ ನಿಂತ ಕಡೆ ನಿಲ್ಲಿಸಿ. ಹೆಚ್ಚು ಏರಿಸಿದರೆ ತುದಿಗಾಲ ನಡಿಗೆಯೇ ಆಗದು. ಇಷ್ಟೆಲ್ಲ ಮಾಡಿಯೂ ವಾಲಿದರೆ ಒಳಗಿನ ಭಾಗ ಸವೆದಿದೆ ಎಂದು ಅರ್ಥ, ಆಗ ಕೊಡಿಸಿ. ಮಿರ್ಚಿಗೂ ಆಟಕ್ಕೂ ನಡುವೆ ಕೈ ತೊಳೆಯುವ ಕರಾರಿನ ಮೇಲೆ.

ಕರೆಂಟು ಹೋದಾಗ ಮನೆಯ ಇನ್ವರ್ಟರ್ ಬರುತ್ತದೆ. ಆದರೂ ಕಂಪ್ಯೂಟರ್ ಆಫ್ ಆಗಿ ಆನ್ ಆಗುತ್ತದೆ, ಆಡಿದ್ದು ಹೋಗುತ್ತದೆ.
– ಜಗಳೂರು

ಇನ್ವರ್ಟರಿನ ಮೇಲೆ ‘ಇಕೋ’ ಮತ್ತು ‘ಯುಪಿಎಸ್’ ಎಂಬ ಸ್ವಿಚ್ ಇದೆಯೇ ನೋಡಿ. ಇಕೋದಲ್ಲಿದ್ದರೆ ಬ್ಯಾಟರಿಗೆ ಬದಲಾಗುವುದು ನಿಧಾನ. ಫ್ಯಾನು, ದೀಪಕ್ಕೆ ಅದು ತಿಳಿಯುವುದಿಲ್ಲ, ಕಂಪ್ಯೂಟರ್ ತಾಳುವುದಿಲ್ಲ. ಯುಪಿಎಸ್‌ಗೆ ತಳ್ಳಿ. ಒಂದು ತೊಂದರೆ ಉಂಟು: ಸಂಜೆ ವೋಲ್ಟೇಜ್ ಕುಸಿಯುವ ಕಡೆ ಈ ಮೋಡ್‌ನಲ್ಲಿ ಇನ್ವರ್ಟರ್ ಪದೇಪದೇ ಬ್ಯಾಟರಿಗೆ ಹಾರುತ್ತದೆ, ಬ್ಯಾಟರಿ ಬೇಗ ಇಳಿಯುತ್ತದೆ. ಆಡುವ ಹೊತ್ತಿಗೆ ಮಾತ್ರ ಬದಲಿಸಿಕೊಳ್ಳುವುದು ಲೇಸು. ಸಟ್ಟುಗ ಸಿಕ್ಕ ಕೂಡಲೇ ಸ್ವಿಚ್ ಆಫ್ ಮಾಡದೆ ಸೇವ್ ಆಗುವ ಗುರುತು ಮಾಯವಾಗುವವರೆಗೆ ಕಾಯಿರಿ.

ಅಕ್ಕ ತಮ್ಮ ಇಬ್ಬರೂ ಒಟ್ಟಿಗೆ ಆಡಬಹುದೇ? ತಮ್ಮ ಅಕ್ಕನ ಆಟದ ಮೇಲೇ ಹೊಸದು ಶುರು ಮಾಡಿ ಅಳಿಸಿಬಿಟ್ಟಿದ್ದಾನೆ.
– ಹಿರಿಯೂರು

ಮುಖ್ಯ ಕತೆ ಒಬ್ಬರಿಗೆ ಮಾತ್ರ. ಇಬ್ಬರು ಸೇರಿ ರೋಬೋಗಳ ಅಲೆಯನ್ನು ಎದುರಿಸುವ ಭಾಗ ಮೆನುವಿನಲ್ಲಿ ಬೇರೆಯೇ ಇದೆ, ಅದಕ್ಕೆ ಎರಡು ಕಂಟ್ರೋಲರ್ ಬೇಕು, ಅಲ್ಲಿ ಗೆದ್ದದ್ದು ಸಟ್ಟುಗದ ಲೆಕ್ಕಕ್ಕೆ ಸೇರುವುದಿಲ್ಲ. ಅಳಿಸಿದ್ದಕ್ಕೆ ಪರಿಹಾರ: ಗೇಮ್ ಕನ್ಸೋಲ್‌ನಲ್ಲಿ ತಮ್ಮನಿಗೆ ಬೇರೆ ಯೂಸರ್ ಪ್ರೊಫೈಲ್ ಮಾಡಿ. ಒಬ್ಬೊಬ್ಬರ ಸೇವ್ ಅವರವರ ಪ್ರೊಫೈಲ್‌ನಲ್ಲೇ ಇರುತ್ತದೆ. ತಮ್ಮನ ಪ್ರೊಫೈಲ್‌ಗೆ ಅವನಿಷ್ಟದ ಚಿತ್ರ ಹಾಕಿಕೊಡಿ. ಓದಲು ಬಾರದಿದ್ದರೂ ಗುರುತು ಹಿಡಿದು ತನ್ನದನ್ನೇ ಒತ್ತುತ್ತಾನೆ.