ರಿಕರ್ವ್ ಬಿಲ್ಲಿಗೆ ಫೈಬರ್ ಪಿನ್: 0.019 ತಗೊಳ್ಳಲಾ, 0.029 ತಗೊಳ್ಳಲಾ? ಕೆಂಪೋ ಹಸಿರೋ?

ನಿಮ್ಮ ಪ್ರಶ್ನೆ ಓದಿದೆ. ಒಂದು ವರ್ಷದಿಂದ ಬೆಂಗಳೂರಿನಲ್ಲೇ ರಿಕರ್ವ್ (ತುದಿಗಳು ಮುಂದಕ್ಕೆ ಬಾಗಿದ ಬಿಲ್ಲು) ಕಲಿಯುತ್ತಿದ್ದೀರಿ, ಈಗ 30 ಮೀಟರ್ ಹೊಡೆಯುತ್ತಿದ್ದೀರಿ, ಕನ್ನಡಕ ಇದೆ. ಬಿಲ್ಲಿನ ಸೈಟಿನಲ್ಲಿ (ಗುರಿ ಹಿಡಿಯುವ ಸಾಧನದಲ್ಲಿ) ಇರುವ ಫೈಬರ್ ಪಿನ್ನಿನ ತುದಿಯಲ್ಲಿ ಬೆಳಿಗ್ಗೆ ಏಳು ಗಂಟೆಗೆ ಚೆನ್ನಾಗಿ ಕಾಣುವ ಚುಕ್ಕಿ ಹನ್ನೊಂದರ ಬಿಸಿಲಿಗೆ ನಕ್ಷತ್ರದ ಥರ ಹರಡಿಕೊಂಡು ಟಾರ್ಗೆಟ್ಟಿನ ನಡುವಿನ ಹಳದಿಯನ್ನೇ ಮುಚ್ಚುತ್ತದೆ. ಅದಕ್ಕೆ ತೆಳ್ಳಗಿನ ಪಿನ್ ಕೊಳ್ಳಬೇಕಾ ಅಂತ ಕೇಳಿದ್ದೀರಿ.

ಮೊದಲು ನೇರ ಉತ್ತರ. 0.019, ಹಸಿರು, ರಿಂಗಿನ (ಪಿನ್ನಿನ ಸುತ್ತ ಇರುವ ಗುಂಡು ಕೊಳವೆಯ) ಒಳಗೆ ಕೂರುವಂಥದ್ದು. ಆದರೆ ನಿಮ್ಮ ತೊಂದರೆ ದಪ್ಪದ್ದಲ್ಲ, ಹೊಳಪಿನದ್ದು. ಅದನ್ನು ಸರಿ ಮಾಡಿಕೊಳ್ಳದಿದ್ದರೆ ಯಾವ ಪಿನ್ ತಂದರೂ ಹನ್ನೊಂದು ಗಂಟೆಗೆ ಇದೇ ಕಥೆ.

ಲೆಕ್ಕ ಹಾಕಿ ನೋಡಿ. ಈ ಅಂಕಿಗಳು ಇಂಚಿನಲ್ಲಿವೆ. 0.019 ಅಂದರೆ ಸುಮಾರು 0.48 ಮಿ.ಮೀ., 0.029 ಅಂದರೆ ಸುಮಾರು 0.74 ಮಿ.ಮೀ. ಪೂರ್ತಿ ಎಳೆದು ನಿಂತಾಗ ನಿಮ್ಮ ಕಣ್ಣಿಗೂ ಪಿನ್ನಿಗೂ ನಡುವೆ 90 ಸೆಂ.ಮೀ. ಇದೆ ಅಂತಿಟ್ಟುಕೊಳ್ಳಿ. ಆಗ 30 ಮೀಟರ್ ದೂರದ ಟಾರ್ಗೆಟ್ ಮೇಲೆ ತೆಳ್ಳಗಿನ ಪಿನ್ ಮುಚ್ಚುವುದು ಸುಮಾರು 16 ಮಿ.ಮೀ., ದಪ್ಪದ್ದು ಮುಚ್ಚುವುದು ಸುಮಾರು 25 ಮಿ.ಮೀ. ನೀವು 80 ಸೆಂ.ಮೀ. ಫೇಸ್‌ಗೆ (ಟಾರ್ಗೆಟ್ ಕಾಗದಕ್ಕೆ) ಹೊಡೆಯುತ್ತಿದ್ದರೆ ನಡುವಿನ ಹತ್ತು ಅಂಕದ ವೃತ್ತವೇ 80 ಮಿ.ಮೀ. ಇದೆ. ಮುಂದೆ 70 ಮೀಟರಿಗೆ ಹೋದರೆ 122 ಸೆಂ.ಮೀ. ಫೇಸ್, ಹತ್ತರ ವೃತ್ತ 122 ಮಿ.ಮೀ. ಅಲ್ಲಿ ಈ ಎರಡು ಪಿನ್ ಮುಚ್ಚುವುದು ಸುಮಾರು 37 ಮತ್ತು 58 ಮಿ.ಮೀ. ಅಂದರೆ ದಪ್ಪ ಪಿನ್ ಕೂಡ ಹತ್ತರ ಅರ್ಧ ಅಗಲವನ್ನೂ ಮುಚ್ಚುವುದಿಲ್ಲ. ಹಾಗಾದರೆ ಹಳದಿ ಎಲ್ಲಿ ಮಾಯವಾಗುತ್ತಿದೆ? ರಾತ್ರಿ ಎದುರಿನಿಂದ ಬರುವ ಬೈಕಿನ ಹೆಡ್‌ಲೈಟ್ ಹೇಗೆ ಬೈಕಿಗಿಂತ ದೊಡ್ಡದಾಗಿ ಕಾಣುತ್ತದೋ, ಹಾಗೆ ಬಿಸಿಲಿನಲ್ಲಿ ಈ ಚುಕ್ಕಿ ತನ್ನ ಗಾತ್ರಕ್ಕಿಂತ ಎಷ್ಟೋ ದೊಡ್ಡದಾಗಿ ಕಾಣುತ್ತದೆ. ಮುಚ್ಚುತ್ತಿರುವುದು ಪಿನ್ ಅಲ್ಲ, ಅದರ ಪ್ರಭೆ.

ಇದು ಯಾಕೆ ಆಗುತ್ತದೆ ಅಂತ ಗೊತ್ತಿದ್ದರೆ ಪರಿಹಾರ ಸುಲಭ. ಈ ಫೈಬರ್ ಟೆಲಿಫೋನ್ ಕೇಬಲ್ಲಿನ ಫೈಬರ್ ಅಲ್ಲ. ಇದು ಬಣ್ಣ ಬೆರೆಸಿದ ಪ್ಲಾಸ್ಟಿಕ್ ಎಳೆ. ಬೆಳಕು ತುದಿಯಿಂದ ಒಳಗೆ ಹೋಗಬೇಕಿಲ್ಲ, ಎಳೆಯ ಉದ್ದಕ್ಕೂ ಪಕ್ಕದಿಂದ ಒಳಗೆ ಬರುತ್ತದೆ. ಒಳಗಿನ ಬಣ್ಣ ಅದನ್ನು ಹೀರಿ ತನ್ನದೇ ಬಣ್ಣದಲ್ಲಿ ಮತ್ತೆ ಹೊಮ್ಮಿಸುತ್ತದೆ. ಆ ಬೆಳಕು ಎಳೆಯ ಒಳಗೇ ಹರಿದು ತುದಿಯಲ್ಲಿ ಹೊರಗೆ ಬರುತ್ತದೆ. ಹಾಗಾಗಿ ಹೊಳಪು ಜಾಸ್ತಿ ಬೇಕಾ, ತೆರೆದಿರುವ ಉದ್ದ ಜಾಸ್ತಿ ಇರಬೇಕು. ಕಡಿಮೆ ಬೇಕಾ, ಉದ್ದ ಮುಚ್ಚಬೇಕು. ಅಷ್ಟೇ.

ಎಲೆಕ್ಟ್ರಾನಿಕ್ಸ್ ಅಂಗಡಿಗಳಿರುವ ಎಸ್‌ಪಿ ರೋಡಿಗೆ ಹೋಗಿ ಅತಿ ಸಣ್ಣ ಅಳತೆಯ ಕಪ್ಪು ಹೀಟ್ ಶ್ರಿಂಕ್ ಟ್ಯೂಬ್ ಕೇಳಿ. ವೈರ್ ಜಾಯಿಂಟಿಗೆ ಹಾಕುತ್ತಾರಲ್ಲ, ಅದೇ. ಒಂದು ತುಂಡು ಕತ್ತರಿಸಿ ಫೈಬರ್ ಮೇಲೆ ಸುಮ್ನೆ ಜಾರಿಸಿ ಬಿಡಿ, ಬಿಸಿ ಮಾಡಬೇಡಿ. ಬಿಸಿ ಮಾಡಿದರೆ ಫೈಬರ್ ಹಾಳಾಗುತ್ತದೆ, ಜೊತೆಗೆ ಟ್ಯೂಬ್ ಜಾರುವುದೂ ಇಲ್ಲ. ಬೆಳಿಗ್ಗೆ ಟ್ಯೂಬನ್ನು ಹಿಂದಕ್ಕೆ ತಳ್ಳಿ, ಬಿಸಿಲೇರಿದಂತೆ ಮುಂದಕ್ಕೆ ಎಳೆಯಿರಿ. ಟ್ಯೂಬ್ ಸಿಗದಿದ್ದರೆ ಎಲೆಕ್ಟ್ರಿಕಲ್ ಟೇಪೂ ಆಗುತ್ತದೆ, ಆದರೆ ಅದರ ಅಂಟು ಫೈಬರ್ ಮೇಲೆ ಉಳಿಯುತ್ತದೆ. ಎಷ್ಟು ಮುಚ್ಚಬೇಕು ಅನ್ನುವುದಕ್ಕೆ ನನ್ನ ಅಳತೆ ಇದು: ಹಳದಿಯನ್ನು ನೋಡುತ್ತಿರುವಾಗ ಚುಕ್ಕಿ ಇದೆ ಅಂತ ಗೊತ್ತಾಗಬೇಕು, ಆದರೆ ಕಣ್ಣನ್ನು ತನ್ನ ಕಡೆ ಎಳೆಯಬಾರದು. ಅಂಗಡಿಯಲ್ಲಿ ಅತಿ ಹೆಚ್ಚು ಹೊಳೆಯುವ ಪಿನ್ ಎಲ್ಲರಿಗೂ ಇಷ್ಟವಾಗುತ್ತದೆ. ಮೈದಾನದಲ್ಲಿ ಮಂಕಾದ ಚುಕ್ಕಿಯೇ ಒಳ್ಳೆಯದು ಅಂತ ನಾನು ಖಂಡಿತವಾಗಿ ನಂಬುತ್ತೇನೆ.

ಹಾಗಂತ ಫೈಬರನ್ನೇ ಗಿಡ್ಡ ಮಾಡಿಬಿಡಬೇಡಿ. ನಮ್ಮೂರಲ್ಲಿ ಜೂನ್‌ನಿಂದ ಸೆಪ್ಟೆಂಬರ್ ತನಕ ಮೋಡ, ಡಿಸೆಂಬರ್ ಬೆಳಿಗ್ಗೆ ಮಂಜು. ಇನ್ನೊಂದು ತೊಂದರೆ ಶೀಟ್ ಶೆಡ್. ಹೊಡೆಯುವ ಗೆರೆ ಶೆಡ್ಡಿನ ನೆರಳಲ್ಲಿ, ಟಾರ್ಗೆಟ್ ಸುಡು ಬಿಸಿಲಲ್ಲಿ ಇರುವ ಮೈದಾನಗಳಿವೆ. ಅಲ್ಲಿ ಪಿನ್ನಿಗೆ ಬೆಳಕೇ ಇಲ್ಲ, ಎದುರಿಗೆ ಹಳದಿ ಉರಿಯುತ್ತಿರುತ್ತದೆ, ಚುಕ್ಕಿ ಸತ್ತ ಹಾಗೆ ಕಾಣುತ್ತದೆ. ಅಂಥ ಕಡೆ ಉದ್ದದ ಫೈಬರ್ ಬೇಕೇ ಬೇಕು. 0.010 ಅನ್ನುವ ಇನ್ನೂ ತೆಳ್ಳಗಿನದೂ ಬರುತ್ತದೆ. ಒಳ್ಳೆಯ ಬೆಳಕಿನಲ್ಲಿ ಸೊಗಸು, ಮೋಡದ ದಿನ ಕಾಣುವುದು ಕಷ್ಟ, ಬೇಗ ಮುರಿಯುತ್ತದೆ. ಈಗಲೇ ಬೇಡ.

ಇನ್ನು ಆ ನಕ್ಷತ್ರ. ಅದಕ್ಕೆ ಎರಡು ಕಾರಣ ಇರಬಹುದು, ಒಂದು ಫೈಬರಿನ ತುದಿ, ಇನ್ನೊಂದು ನಿಮ್ಮ ಕಣ್ಣು. ಪರೀಕ್ಷೆ ಸುಲಭ. ಪಿನ್ ಬಿಚ್ಚಿ ಕೈಯಲ್ಲಿ ಹಿಡಿದು ಬಿಸಿಲಲ್ಲಿ ನೋಡಿ. ಪಿನ್ನನ್ನು ನಿಧಾನಕ್ಕೆ ತಿರುಗಿಸಿದಾಗ ನಕ್ಷತ್ರದ ಕೈಗಳೂ ತಿರುಗಿದರೆ ತಪ್ಪು ಫೈಬರಿನದ್ದು, ತುದಿ ಸರಿಯಾಗಿಲ್ಲ. ಪಿನ್ ತಿರುಗಿಸಿದರೂ ಕೈಗಳು ಅಲ್ಲೇ ನಿಂತು, ತಲೆ ವಾಲಿಸಿದಾಗ ವಾಲಿದರೆ ಅದು ಕಣ್ಣಿನದ್ದು. ಸಿಲಿಂಡರ್ ಪವರ್ (ಅಸ್ಟಿಗ್ಮಾಟಿಸಂಗೆ ಕೊಡುವ ನಂಬರ್) ಇರುವವರಿಗೆ, ಅದೂ ಕನ್ನಡಕದ ನಂಬರ್ ಹಳೆಯದಾಗಿದ್ದರೆ, ಹೀಗೆ ಆಗುವುದು ಮಾಮೂಲಿ. ಕಣ್ಣು ತೋರಿಸಲು ಹೋದಾಗ ತಲೆ ತಿರುಗಿಸಿ ನಿಲ್ಲುವ ಭಂಗಿಯನ್ನು ಡಾಕ್ಟರಿಗೆ ತೋರಿಸಿ. ಆ ಭಂಗಿಯಲ್ಲಿ ನಾವು ಗಾಜಿನ ನಡುವಿನಿಂದ ನೋಡುವುದಿಲ್ಲ, ಮೂಗಿನ ಪಕ್ಕದ ಅಂಚಿನಿಂದ ನೋಡುತ್ತೇವೆ. ಓದುವುದಕ್ಕೂ ದೂರಕ್ಕೂ ಸೇರಿಸಿ ಮಾಡಿದ ಪ್ರೋಗ್ರೆಸಿವ್ ಗಾಜು ಇದ್ದರೆ ಅಂಚಿನ ಪವರ್ ಬೇರೆಯೇ ಇರುತ್ತದೆ. ದೂರಕ್ಕೆ ಮಾತ್ರ ಇರುವ ಅಗಲ ಗಾಜಿನ ಕನ್ನಡಕ ಇದಕ್ಕೆ ಸರಿ.

ತುದಿ ಕೆಟ್ಟಿದ್ದರೆ ಮನೆಯಲ್ಲೇ ಮಾಡಬಹುದು. ನೇಲ್ ಕಟರಿನಲ್ಲಿ ನೇರವಾಗಿ ಕತ್ತರಿಸಿ. ಲೈಟರ್ ಹೊತ್ತಿಸಿ ತುದಿಯನ್ನು ಬೆಂಕಿಯ ಹತ್ತಿರ ತನ್ನಿ, ಒಳಗೆ ತೂರಿಸಬೇಡಿ. ಕ್ಷಣದಲ್ಲಿ ಅದು ಕರಗಿ ಅಣಬೆಯ ಹಾಗೆ ಗುಂಡಾಗುತ್ತದೆ. ಅಲ್ಲಿಗೆ ನಿಲ್ಲಿಸಿ. ಕಪ್ಪಾದರೆ ಬೆಳಕು ಹೋಯಿತು, ಮತ್ತೆ ಕತ್ತರಿಸಬೇಕು. ಫೈಬರ್ ಕೂರಿಸಲು ಸೂಪರ್ ಗ್ಲೂ ಬೇಡ, ಎರಡೂ ತುದಿ ಗುಂಡಾದರೆ ತಾನಾಗೇ ನಿಲ್ಲುತ್ತದೆ. ಒರೆಸಲು ಸೋಪಿನ ನೀರು ಸಾಕು. ನೇಲ್ ಪಾಲಿಶ್ ರಿಮೂವರ್, ಪೆಟ್ರೋಲ್ ಮುಟ್ಟಿಸಿದರೆ ಈ ಪ್ಲಾಸ್ಟಿಕ್ ಕರಗುತ್ತದೆ.

ಬಣ್ಣಕ್ಕೆ ಜಾಸ್ತಿ ತಲೆ ಕೆಡಿಸಿಕೊಳ್ಳಬೇಡಿ. ಹಳದಿ ಮಾತ್ರ ಬೇಡ, ಗೋಲ್ಡಿನಲ್ಲಿ, ಅಂದರೆ ಟಾರ್ಗೆಟ್ಟಿನ ನಡುವಿನ ಹಳದಿಯಲ್ಲಿ, ಮುಳುಗಿಹೋಗುತ್ತದೆ. ಕೆಂಪು ಗೋಲ್ಡಿನ ಮೇಲೆ ಚೆನ್ನಾಗಿ ಎದ್ದು ಕಾಣುತ್ತದೆ, ಆದರೆ ಬೆಳಕು ಇಳಿದಂತೆ ನಮ್ಮ ಕಣ್ಣು ಮೊದಲು ಕಳೆದುಕೊಳ್ಳುವುದು ಕೆಂಪನ್ನೇ. ಸಂಜೆ ಆರು ಗಂಟೆಯ ಬ್ಯಾಚಿನವರಿಗೆ ಇದು ಗೊತ್ತಿರುತ್ತದೆ. ಅದಕ್ಕೇ ಹಸಿರು ಅಂದೆ. ಹಸಿರು ಕೆಂಪಿನ ವ್ಯತ್ಯಾಸ ಕಣ್ಣಿಗೆ ಕಷ್ಟವಾದರೆ ಮಾತ್ರ ಎರಡನ್ನೂ ಫೇಸ್ ಮುಂದೆ ಹಿಡಿದು ನೋಡಿ ಆರಿಸಿ.

ಬಳಸುವ ವಿಷಯದಲ್ಲಿ ಒಂದು ಮಾತು ಒತ್ತಿ ಹೇಳಬೇಕು. ಕಣ್ಣು ಹಳದಿಯ ಮೇಲೆ ಇರಲಿ, ಚುಕ್ಕಿ ಮಸುಕಾಗಿಯೇ ಇರಲಿ. ಚುಕ್ಕಿ ಅಲುಗಾಡುತ್ತದೆ, ಎಲ್ಲರದ್ದೂ ಅಲುಗಾಡುತ್ತದೆ. ಅದನ್ನು ಹಿಡಿದು ನಿಲ್ಲಿಸಲು ಹೋದರೆ ಎಳೆತ ನಿಂತುಹೋಗುತ್ತದೆ, ಕ್ಲಿಕ್ಕರ್ (ಪೂರ್ತಿ ಎಳೆದಾಗ ಟಕ್ ಅನ್ನುವ ಪಟ್ಟಿ) ಬೀಳುವುದಿಲ್ಲ. ಚುಕ್ಕಿ ಹಳದಿ ಮುಟ್ಟಿದ ಕೂಡಲೇ ಬೆರಳು ಬಿಡುವ ಅಭ್ಯಾಸ ಬಂದರಂತೂ ಅದನ್ನು ಬಿಡಿಸುವುದು ತುಂಬಾ ಕಷ್ಟ, ಟಾರ್ಗೆಟ್ ಪ್ಯಾನಿಕ್ ಅನ್ನುತ್ತಾರಲ್ಲ, ಅದು. ಚೂರು ಹಾಗನ್ನಿಸಿದರೂ ಫೈಬರ್ ತೆಗೆದು ಬರೀ ರಿಂಗಿನಲ್ಲಿ ಸ್ವಲ್ಪ ದಿನ ಹೊಡೆಯಿರಿ. ರಿಂಗಿನ ನಡುವೆ ಹಳದಿ ಕೂರಿಸುವ ಕೆಲಸ ಕಣ್ಣು ತಾನಾಗಿಯೇ ಮಾಡುತ್ತದೆ. ಇದೇ ಚೆನ್ನಾಗಿದೆ ಅನ್ನಿಸಿದರೆ ಹಾಗೇ ಮುಂದುವರಿಸಿ, ಫೈಬರ್ ಕಡ್ಡಾಯ ಏನಲ್ಲ.

ರಿಂಗಿನ ಒಳಗೆ ಕೂರುವಂಥದ್ದು ಅಂದಿದ್ದಕ್ಕೆ ಇನ್ನೊಂದು ಕಾರಣ ಇದೆ. ಬೋಳು ಪಿನ್ನಿನ ಮೇಲೆ ಎಡಗಡೆಯಿಂದ ಬಿಸಿಲು ಬಿದ್ದರೆ ಅದರ ಎಡ ಅಂಚು ಮಾತ್ರ ಹೊಳೆಯುತ್ತದೆ. ನೀವು ಆ ಅಂಚನ್ನೇ ಹಳದಿಯ ಮೇಲೆ ಇಡುತ್ತೀರಿ, ಪಿನ್ನಿನ ನಡು ಬಲಕ್ಕೆ ಹೋಗುತ್ತದೆ, ಬಾಣಗಳೂ ಬಲಕ್ಕೆ ಹೋಗುತ್ತವೆ. ರಿಂಗಿನ ಕೊಳವೆ ಇದ್ದರೆ ಅಡ್ಡ ಬಿಸಿಲು ಅಷ್ಟು ಬೀಳುವುದಿಲ್ಲ. ಬಾಣಗಳ ಗುಂಪು ಚೆನ್ನಾಗಿದ್ದು ಮಧ್ಯಾಹ್ನಕ್ಕೆ ಪಕ್ಕಕ್ಕೆ ಸರಿದರೆ, ನಿಮ್ಮ ಫಾರ್ಮ್ ಬದಲಿಸುವ ಮೊದಲು ಸೂರ್ಯ ಎಲ್ಲಿದ್ದಾನೆ ನೋಡಿ.

ಕಾಂಪಿಟಿಷನ್‌ಗೆ ಹೋಗುವ ಆಸೆ ಇದ್ದರೆ ವರ್ಲ್ಡ್ ಆರ್ಚರಿ (ಅಂತಾರಾಷ್ಟ್ರೀಯ ಬಿಲ್ಲುಗಾರಿಕೆ ಸಂಸ್ಥೆ) ನಿಯಮ ತಿಳಿದಿರಲಿ. ರಿಕರ್ವ್‌ನಲ್ಲಿ ಗುರಿಯ ಚುಕ್ಕಿ ಒಂದೇ ಇರಬೇಕು. ಕಣ್ಣಿನ ನೇರಕ್ಕೆ ಬರುವ ಫೈಬರ್ 2 ಸೆಂ.ಮೀ. ಮೀರಬಾರದು. ಅದಕ್ಕಿಂತ ಉದ್ದ ಇದ್ದರೆ ಬಾಗಿ ಹೋಗಿ ಇನ್ನೊಂದು ತುದಿ ದೃಷ್ಟಿಯ ಹೊರಗೆ ಕೂತಿರಬೇಕು. ಲೆನ್ಸ್, ಬ್ಯಾಟರಿ ಲೈಟ್ ನಡೆಯುವುದಿಲ್ಲ. ಲೆನ್ಸ್ ಕಾಂಪೌಂಡಿನವರಿಗೆ (ರಾಟೆ ಇರುವ ಬಿಲ್ಲಿನವರಿಗೆ) ಮಾತ್ರ. ಆನ್‌ಲೈನಿನಲ್ಲಿ ಬೇಟೆಯ ಬಿಲ್ಲಿಗೆ ಅಂತ ಮೂರು, ಐದು ಪಿನ್ ಇರುವ ಸೈಟ್ ಸಿಗುತ್ತವೆ, ಅವು ನಿಮಗೆ ಕೆಲಸಕ್ಕೆ ಬರುವುದಿಲ್ಲ.

ದುಡ್ಡು ಕೊಡುವ ಮೊದಲು ನಿಮ್ಮ ಸೈಟಿನ ಥ್ರೆಡ್ ನೋಡಿ. 8-32 ಮತ್ತು 10-32 ಅನ್ನುವ ಎರಡು ಸ್ಕ್ರೂ ಅಳತೆಗಳೂ ಬಳಕೆಯಲ್ಲಿವೆ, ಒಂದರ ಪಿನ್ ಇನ್ನೊಂದಕ್ಕೆ ಕೂರುವುದಿಲ್ಲ. ಹೊಸ ಪಿನ್ ಹಾಕಿದ ಮೇಲೆ ಆಯಾ ದೂರಕ್ಕೆ ಸೈಟಿನ ಮೇಲೆ ಹಾಕಿಕೊಂಡಿದ್ದ ಹಳೆಯ ಗುರುತುಗಳನ್ನು ನಂಬಬೇಡಿ. ಹತ್ತಿರದಿಂದ, 18 ಮೀಟರಿನಿಂದ ಶುರು ಮಾಡಿ. ಬಾಣ ಎತ್ತ ಬೀಳುತ್ತದೋ ಪಿನ್ನನ್ನೂ ಅತ್ತಲೇ ಸರಿಸಿ. ಮೇಲೆ ಬಿದ್ದರೆ ಮೇಲಕ್ಕೆ, ಎಡಕ್ಕೆ ಬಿದ್ದರೆ ಎಡಕ್ಕೆ. 30 ಮೀಟರಿಗೆ ಹೊಸ ಗುರುತು ಸಿಕ್ಕ ಮೇಲೆ ಅದೇ ದಿನ ಬಿಸಿಲಿಗೂ ಕಾದು ಇನ್ನೊಮ್ಮೆ ಹೊಡೆದು ನೋಡಿ. ಟ್ಯೂಬ್ ಎಲ್ಲಿಯವರೆಗೆ ಎಳೆದಿದ್ದಿರಿ ಅನ್ನುವುದನ್ನೂ ಆ ಗುರುತಿನ ಪಕ್ಕದಲ್ಲೇ ಬರೆದಿಟ್ಟುಕೊಳ್ಳಿ.