ಸರ್ಕಾರ ಮೂರು ವರ್ಷ ತಡವಾಗಿ ಹಾಕಿದ ಮೇಲ್ಮನವಿಗೆ ಮನ್ನಾ ಸಿಗುತ್ತದೆಯೇ?

ಹೇಮಾವತಿ ನಾಲೆಗೆ ಹೋದ ಜಮೀನಿಗೆ ಹಾಸನದ ಸಿವಿಲ್ ನ್ಯಾಯಾಲಯ ಪರಿಹಾರ ಹೆಚ್ಚಿಸಿತು, ಮೂರು ವರ್ಷ ಸುಮ್ಮನಿದ್ದ ಇಲಾಖೆ ಈಗ ವಿಳಂಬ ಮನ್ನಾ ಅರ್ಜಿಯೊಡನೆ ಹೈಕೋರ್ಟಿಗೆ ಹೋಗಿದೆ, ಸರ್ಕಾರಕ್ಕೆ ಕಾಲಮಿತಿಯೇ ಇಲ್ಲವೇ ಎಂದು ಕೇಳಿದ್ದೀರಿ. ಇದೆ. ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಲು ನಿಮಗೆ 90 ದಿನವಾದರೆ ಸರ್ಕಾರಕ್ಕೂ ಅಷ್ಟೇ. ದಾವೆ ಹೂಡಲು ಸರ್ಕಾರಕ್ಕೆ 30 ವರ್ಷ ಕೊಟ್ಟಿರುವ 1963ರ ಕಾಲಪರಿಮಿತಿ ಕಾಯ್ದೆ ಮೇಲ್ಮನವಿಯಲ್ಲಿ ಅಂಥ ರಿಯಾಯಿತಿ ತೋರಿಲ್ಲ. ಅವಧಿ ಮೀರಿ ಬಂದವರು ಯಾರೇ ಆಗಲಿ, ಅದೇ ಕಾಯ್ದೆಯ 5ನೇ ಕಲಮಿನಂತೆ 'ಸಾಕಷ್ಟು ಕಾರಣ' ಇತ್ತೆಂದು ನ್ಯಾಯಾಲಯಕ್ಕೆ ಮನವರಿಕೆ ಮಾಡಿಕೊಡಬೇಕು.

ನಾನು ವಕೀಲನಲ್ಲ. ಹಾಸನದಲ್ಲೇ ಒಂದು ಸರ್ಕಾರಿ ಕಚೇರಿಯಲ್ಲಿ ಕೋರ್ಟು ಕಡತಗಳ ವಿಷಯ ನಿರ್ವಾಹಕನಾಗಿದ್ದು ನಿವೃತ್ತನಾದವನು. ಇಂಥ ಅರ್ಜಿಗಳ ಪ್ರಮಾಣಪತ್ರಕ್ಕೆ (ಅಫಿಡವಿಟ್‌ಗೆ) ಕರಡು ಬರೆದ ಕೈ ಇದು. ತೀರ್ಪಿನ ನಕಲು ಬಂದ ಮೇಲೆ ಟಿಪ್ಪಣಿ ಹಾಳೆಯಲ್ಲಿ 'ಆದೇಶಕ್ಕಾಗಿ ಮಂಡಿಸಿದೆ' ಎಂದು ಬರೆದು ಕಡತವನ್ನು ಮೇಲಕ್ಕೆ ಕಳಿಸುತ್ತಿದ್ದೆವು, ಅದು 'ಚರ್ಚಿಸಿ' ಎಂಬ ಷರಾ ಹೊತ್ತು ಕೆಳಗಿಳಿಯುತ್ತಿತ್ತು. ಚರ್ಚೆ ನಡೆಯುವಷ್ಟರಲ್ಲಿ ಸಾಹೇಬರಿಗೆ ವರ್ಗವಾಗಿರುತ್ತಿತ್ತು. ಎರಡು ವರ್ಷ ಮಿಸುಕದ ಕಡತ, ಅಮಲ್ಜಾರಿಯಲ್ಲಿ, ಅಂದರೆ ತೀರ್ಪನ್ನು ಜಾರಿಗೆ ತರುವ ಪ್ರಕ್ರಿಯೆಯಲ್ಲಿ, ಕಚೇರಿಯ ಜೀಪು, ಕುರ್ಚಿ ಜಪ್ತಿ ಮಾಡಲು ನ್ಯಾಯಾಲಯದ ಅಮೀನರು ಬಾಗಿಲಿಗೆ ಬಂದ ದಿನ ಓಡತೊಡಗುತ್ತಿತ್ತು. ಆದರೆ ಪ್ರಮಾಣಪತ್ರದಲ್ಲಿ ಅಮೀನರ ಸುದ್ದಿ ಇರುತ್ತಿರಲಿಲ್ಲ; ಇಡೀ ಅವಧಿಗೆ 'ಆಡಳಿತಾತ್ಮಕ ಕಾರಣಗಳಿಂದ' ಎಂದು ಬರೆದರೆ ಮುಗಿಯಿತು, ಬಹುಕಾಲ ಅದು ನಡೆದೂ ಹೋಯಿತು.

ಈಗ ಅಷ್ಟು ಸುಲಭವಲ್ಲ. ಇಂಥ ಅರ್ಜಿಗಳಲ್ಲಿ ಎಲ್ಲರೂ ಉಲ್ಲೇಖಿಸುವುದು 1987ರ ಅನಂತನಾಗ್ ಭೂಸ್ವಾಧೀನ ಪ್ರಕರಣವನ್ನು. ತಾಂತ್ರಿಕ ಕಾರಣಕ್ಕೆ ನ್ಯಾಯ ಸೋಲಬಾರದೆಂದು ಸುಪ್ರೀಂ ಕೋರ್ಟ್ ಅಲ್ಲಿ ಉದಾರವಾಗಿ ಹೇಳಿದ್ದು ನಿಜ, ಆದರೆ ಅಲ್ಲಿ ತಡವಾಗಿದ್ದದ್ದು ಕೇವಲ 4 ದಿನ ಎಂಬುದನ್ನು ನಮ್ಮ ಕರಡುಗಳಲ್ಲಿ ನಾವು ಒಮ್ಮೆಯೂ ಬರೆದಿರಲಿಲ್ಲ. 2012ರಲ್ಲಿ ಅಂಚೆ ಇಲಾಖೆಯ 427 ದಿನಗಳ ವಿಳಂಬವನ್ನು ಮನ್ನಿಸಲು ಅದೇ ನ್ಯಾಯಾಲಯ ನಿರಾಕರಿಸಿತು. 2020ರಲ್ಲಿ 663 ದಿನ ತಡವಾಗಿ ಬಂದ ಮಧ್ಯಪ್ರದೇಶ ಸರ್ಕಾರಕ್ಕೆ 25,000 ರೂಪಾಯಿ ದಂಡ ಹಾಕಿ, ಅದನ್ನು ಹೊಣೆಗಾರ ಅಧಿಕಾರಿಗಳಿಂದಲೇ ವಸೂಲು ಮಾಡಲು ಹೇಳಿತು. 2025ರಲ್ಲಿ, ಕರ್ನಾಟಕ ಗೃಹ ಮಂಡಳಿಯ 3,966 ದಿನಗಳ ವಿಳಂಬವನ್ನು ನಮ್ಮ ಹೈಕೋರ್ಟ್ ಮನ್ನಿಸಿದ್ದನ್ನೂ ರದ್ದುಮಾಡಿತು.

ಹಾಗೆಂದು ಗೆದ್ದೇಬಿಟ್ಟೆವೆಂದು ಕೂರಬೇಡಿ. 1988ರಲ್ಲಿ ಬೆಂಗಳೂರಿನ ಭೂಸ್ವಾಧೀನ ಪ್ರಕರಣವೊಂದರಲ್ಲಿ ಸರ್ಕಾರಿ ವಕೀಲರ ನಡತೆಯಿಂದಲೇ ತಡವಾಯಿತೆಂಬ ಕಾರಣಕ್ಕೆ ಮನ್ನಾ ದೊರೆತಿತ್ತು. ನಿಮ್ಮ ಪ್ರಕರಣದಲ್ಲಿ ಅಂಥದ್ದೇನಾದರೂ ಹೇಳಿದ್ದಾರೆಯೇ, ಅದಕ್ಕೆ ಕಾಗದವಿದೆಯೇ ಎಂಬುದನ್ನು ಮೊದಲು ಓದಿ ನೋಡಿ.

ಆಮೇಲೆ ಮಾಹಿತಿ ಹಕ್ಕಿನಡಿ ಆ ಕಡತದ ಟಿಪ್ಪಣಿ ಹಾಳೆಗಳ ನಕಲು ಕೇಳಿ. ಅದರಲ್ಲಿ ಪ್ರತಿ ಸಹಿಯ ಕೆಳಗೂ ದಿನಾಂಕವಿರುತ್ತದೆ. ಯಾವ ಎರಡು ಸಹಿಗಳ ನಡುವೆ ಹದಿನಾಲ್ಕು ತಿಂಗಳ ಖಾಲಿ ಜಾಗವಿದೆಯೆಂದು ನಿಮ್ಮ ಆಕ್ಷೇಪಣೆಯಲ್ಲಿ ತೋರಿಸಿದರೆ, ಸರ್ಕಾರದ ನಿಧಾನವನ್ನು ಹಳಿಯುವ ನಾಲ್ಕು ಪುಟಕ್ಕಿಂತ ಅದು ಹೆಚ್ಚು ಕೆಲಸ ಮಾಡುತ್ತದೆ. ತೀರ್ಪಿನ ದೃಢೀಕೃತ ನಕಲಿನ ಮೇಲಿನ ಮೊಹರನ್ನೂ ನೋಡಿ. ನಕಲು ಪಡೆಯಲು ಹಿಡಿದ ಸಮಯವನ್ನು ಕಾಯ್ದೆ ಲೆಕ್ಕದಿಂದ ಬಿಡುತ್ತದೆ ನಿಜ, ಆದರೆ ನಕಲಿಗೆ ಅರ್ಜಿ ಹಾಕಿದ್ದೇ 90 ದಿನ ಕಳೆದ ಮೇಲಾದರೆ ಆ ರಿಯಾಯಿತಿ ಅವರಿಗೆ ಒದಗುವುದಿಲ್ಲ.

ಅಮಲ್ಜಾರಿ ಅರ್ಜಿಯನ್ನು ಮಾತ್ರ ನಿಲ್ಲಿಸಬೇಡಿ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿಗೆ (ತೀರ್ಪಿನಂತೆ ಹೊರಟ ಆಜ್ಞೆಗೆ) ತಡೆ ಬಂದಂತಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 3ಎ ನಿಯಮದ ಪ್ರಕಾರ, ಅವಧಿ ಮೀರಿದ ಮೇಲ್ಮನವಿಯನ್ನು ವಿಚಾರಣೆಗೆ ತೆಗೆದುಕೊಳ್ಳಲು ನ್ಯಾಯಾಲಯ ತೀರ್ಮಾನಿಸುವವರೆಗೆ ತಡೆಯಾಜ್ಞೆ ಕೊಡುವಂತಿಲ್ಲ. ಸ್ವಾಧೀನ 1894ರ ಭೂಸ್ವಾಧೀನ ಕಾಯ್ದೆಯಡಿ ಆಗಿದ್ದರೆ ಹೆಚ್ಚುವರಿ ಪರಿಹಾರದ ಮೇಲೆ ಮೊದಲ ವರ್ಷ ಶೇಕಡಾ 9, ಆಮೇಲೆ ಶೇಕಡಾ 15ರಂತೆ ಬಡ್ಡಿಯೂ ಓಡುತ್ತಿರುತ್ತದೆ. ಮುಂದಿನ ತಾರೀಖಿಗೆ ಆ ಬಡ್ಡಿಯ ಲೆಕ್ಕದ ಹಾಳೆಯನ್ನು ನಿಮ್ಮ ವಕೀಲರ ಕೈಗೆ ಕೊಡಿ.